ಎಫ್‌ಐಆರ್ ಆಗಿದೆ: ಕ್ವಾಶ್ ಮಾಡಿಸೋದಾ, ಡಿಸ್ಚಾರ್ಜ್ ಕೇಳೋದಾ, ರಾಜಿಗೆ ಕೂರೋದಾ?

"ಸಾರ್, ಇದು ನೂರಕ್ಕೆ ನೂರು ಸುಳ್ಳು ಕೇಸು. ಹೈಕೋರ್ಟಲ್ಲಿ ಕ್ವಾಶ್ ಮಾಡಿಸಿಬಿಡಿ."

ಎಫ್‌ಐಆರ್ ಪ್ರತಿ ಹಿಡಿದು ನನ್ನ ಆಫೀಸಿಗೆ ಬರುವವರು ಕುರ್ಚಿಯಲ್ಲಿ ಕೂರುವ ಮೊದಲೇ ಹೇಳುವ ಮಾತು ಇದು. ಕ್ವಾಶ್ ಅಂದರೆ ಕೇಸನ್ನೇ ರದ್ದು ಮಾಡಿಸುವುದು. ನಾನು ತಾಲ್ಲೂಕು ಕೋರ್ಟಿನಲ್ಲಿ ವಕೀಲಿ ಮಾಡುವವನು. ಅವರ ಮಾತನ್ನು ನಂಬುವುದಿಲ್ಲ ಅಂತಲ್ಲ. ಆದರೆ ಕೇಸು ಸುಳ್ಳು ಅನ್ನುವುದು ಒಂದು, ಕೇಸು ರದ್ದಾಗುತ್ತದೆ ಅನ್ನುವುದು ಇನ್ನೊಂದು. ಈ ಎರಡರ ನಡುವೆ ಇರುವ ಅಂತರ ಗೊತ್ತಿಲ್ಲದೆ ಎಷ್ಟೋ ಜನ ದುಡ್ಡು, ಸಮಯ ಎರಡನ್ನೂ ಕಳೆದುಕೊಂಡಿದ್ದಾರೆ.

ವಿಚಾರಣೆಗೆ ಮುಂಚೆಯೇ ಕೇಸಿನಿಂದ ಹೊರಬರಲು ಇರುವ ದಾರಿ ಒಂದೇ ಅಲ್ಲ. ಹೈಕೋರ್ಟಿನಲ್ಲಿ ರದ್ದತಿ ಅರ್ಜಿ ಇದೆ, ರಿಟ್ ಇದೆ, ಕೆಳಗಿನ ಕೋರ್ಟಿನಲ್ಲೇ ಡಿಸ್ಚಾರ್ಜ್ ಇದೆ, ರಾಜಿ ಇದೆ. ಸುಮ್ನೆ ಕಾದು ಪೊಲೀಸರು 'ಬಿ' ರಿಪೋರ್ಟ್ (ಕೇಸಿನಲ್ಲಿ ಹುರುಳಿಲ್ಲ ಎಂದು ಮುಗಿಸುವ ವರದಿ) ಹಾಕುವಂತೆ ದಾಖಲೆ ಒದಗಿಸುವುದೂ ಕೆಲವೊಮ್ಮೆ ಒಳ್ಳೆಯ ದಾರಿಯೇ.

ಮೊದಲು ಈ ಒಂದು ಪ್ರಶ್ನೆ ಕೇಳಿಕೊಳ್ಳಿ

ದೂರಿನಲ್ಲಿ ಬರೆದದ್ದೆಲ್ಲ ಅಕ್ಷರಶಃ ನಿಜ ಅಂತಲೇ ಇಟ್ಟುಕೊಳ್ಳಿ. ಆಗಲೂ ಅದು ಅಪರಾಧ ಆಗುತ್ತದಾ?

ಆಗುವುದಿಲ್ಲ ಅಂದರೆ ಹೈಕೋರ್ಟಿನ ಕಡೆ ಮುಖ ಮಾಡಬಹುದು. "ಆಗುತ್ತೆ ಸಾರ್, ಆದ್ರೆ ನಾನು ಹಂಗೆ ಮಾಡೇ ಇಲ್ಲ" ಅನ್ನುವುದು ನಿಮ್ಮ ಉತ್ತರವಾದರೆ ಅದು ಸಾಕ್ಷಿ ಕಟಕಟೆಯ ಜಗಳ. ಯಾರ ಮಾತು ಸತ್ಯ ಎಂದು ತೂಗಿ ನೋಡುವ ಕೆಲಸವನ್ನು ರದ್ದತಿ ಅರ್ಜಿಯಲ್ಲಿ ಹೈಕೋರ್ಟ್ ಮಾಡುವುದಿಲ್ಲ.

ಒಂದು ಉದಾಹರಣೆ ನೋಡೋಣ. ಪರಿಚಯದವರಿಂದ ನೀವು ಐದು ಲಕ್ಷ ಕೈಗಡ ತೆಗೆದುಕೊಂಡಿರಿ. ಎರಡು ವರ್ಷ ತಪ್ಪದೆ ಬಡ್ಡಿ ಕೊಟ್ಟಿರಿ. ಆಮೇಲೆ ಅಂಗಡಿ ಮುಚ್ಚಿತು, ಕೊಡಲು ಆಗಲಿಲ್ಲ. ಅವರು ಠಾಣೆಗೆ ಹೋಗಿ ವಂಚನೆ ಅಂತ ದೂರು ಕೊಟ್ಟರು. ಮೊದಲು ಐಪಿಸಿ 420 ಆಗಿದ್ದದ್ದು ಈಗ ಭಾರತೀಯ ನ್ಯಾಯ ಸಂಹಿತೆಯ (ಬಿಎನ್‌ಎಸ್) 318(4). ವಂಚನೆ ಅನ್ನಿಸಿಕೊಳ್ಳಬೇಕಾದರೆ ದುಡ್ಡು ಈಸಿಕೊಂಡ ದಿನವೇ ಮೋಸದ ಉದ್ದೇಶ ಇರಬೇಕು. ಆಮೇಲೆ ಕೊಡಲಾಗದೇ ಹೋದದ್ದು ಸಾಲದ ವ್ಯಾಜ್ಯ ಅಷ್ಟೆ. ಎರಡು ವರ್ಷ ಬಡ್ಡಿ ಬಂದಿದೆ ಎಂದು ದೂರುದಾರರೇ ಬರೆದಿದ್ದರೆ ನಿಮ್ಮ ಕೆಲಸವನ್ನು ಅರ್ಧ ಅವರೇ ಮಾಡಿಕೊಟ್ಟಂತೆ. ಸಿವಿಲ್ ಜಗಳಕ್ಕೆ ಕ್ರಿಮಿನಲ್ ಬಣ್ಣ ಹಚ್ಚಿದ್ದಾರೆ ಎನ್ನುವ ವಾದ ಇಲ್ಲಿ ನಿಲ್ಲುತ್ತದೆ.

ಅದೇ ದೂರಿನಲ್ಲಿ ಇನ್ನೊಂದೇ ಒಂದು ಸಾಲು ಇದೆ ಅನ್ನಿ: "ಬೇರೆಯವರ ಸೈಟಿನ ಪತ್ರವನ್ನು ತನ್ನದೆಂದು ತೋರಿಸಿ ಸಾಲ ಪಡೆದರು." ನೀವು ಯಾವ ಪತ್ರವನ್ನೂ ತೋರಿಸಿಯೇ ಇಲ್ಲ, ಇರಲಿ. ಆದರೂ ಆ ಒಂದು ಸಾಲಿನಿಂದ ಆಟ ಬದಲಾಯಿತು. ತೋರಿಸಿದರೋ ಇಲ್ಲವೋ ಎನ್ನುವುದು ತನಿಖೆಯಿಂದಲೇ ಗೊತ್ತಾಗಬೇಕು. ಈ ಕೇಸನ್ನು ಹಿಡಿದು ಹೈಕೋರ್ಟಿಗೆ ಓಡಬೇಡಿ ಅಂತಲೇ ನಾನು ಹೇಳುತ್ತೇನೆ.

ಹೈಕೋರ್ಟಿನ ರದ್ದತಿ ಅರ್ಜಿ

ಕೋರ್ಟ್ ಕಾರಿಡಾರಿನಲ್ಲಿ ಈಗಲೂ ಎಲ್ಲರೂ "482 ಹಾಕೋಣ" ಅಂತಲೇ ಮಾತಾಡುತ್ತಾರೆ. ಅದು ಹಳೇ ಸಿಆರ್‌ಪಿಸಿಯ, ಅಂದರೆ ದಂಡ ಪ್ರಕ್ರಿಯಾ ಸಂಹಿತೆಯ ನಂಬರ್. 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ, ಅಂದರೆ ಬಿಎನ್‌ಎಸ್‌ಎಸ್ ಬಂದಿದೆ. ಅದರಲ್ಲಿ ಹೈಕೋರ್ಟಿನ ಈ ಅಂತರ್ಗತ ಅಧಿಕಾರ ಇರುವುದು 528ನೇ ಕಲಮಿನಲ್ಲಿ. ತಮಾಷೆ ಏನಪ್ಪಾ ಅಂದರೆ ಹೊಸ ಕಾನೂನಿನ 482 ಈಗ ನಿರೀಕ್ಷಣಾ ಜಾಮೀನಿನದ್ದು, ಅಂದರೆ ಬಂಧನಕ್ಕೆ ಮುಂಚೆಯೇ ಪಡೆಯುವ ಜಾಮೀನಿನದ್ದು. ವಕೀಲರು "482" ಅಂದಾಗ ಯಾವುದು ಅಂತ ಕೇಳಿಕೊಳ್ಳಿ. ನಾಚಿಕೆ ಬೇಡ, ನಾವೇ ಗೊಂದಲ ಮಾಡಿಕೊಳ್ಳುತ್ತೇವೆ.

ಯಾವ್ಯಾವ ಸಂದರ್ಭದಲ್ಲಿ ರದ್ದು ಮಾಡಬಹುದು ಎಂದು ಸುಪ್ರೀಂ ಕೋರ್ಟ್ ಭಜನ್ ಲಾಲ್ ಪ್ರಕರಣದಲ್ಲಿ ಏಳು ಬಗೆಯನ್ನು ಪಟ್ಟಿ ಮಾಡಿತು. ಆರೋಪದಲ್ಲಿ ಅಪರಾಧವೇ ಕಾಣದಿರುವುದು, ನಂಬಲಸಾಧ್ಯವಾದ ಅಸಂಬದ್ಧ ಆರೋಪ, ಕಾನೂನಿನಲ್ಲೇ ಸ್ಪಷ್ಟ ಅಡ್ಡಿ ಇರುವುದು, ಹಗೆ ತೀರಿಸಿಕೊಳ್ಳಲೆಂದೇ ಹಾಕಿದ ಕೇಸು, ಹೀಗೆ. ಇವತ್ತು ರದ್ದತಿ ಅರ್ಜಿ ಬರೆಯುವ ಪ್ರತಿಯೊಬ್ಬರೂ ಈ ತೀರ್ಪನ್ನು ಮುಂದಿಡುತ್ತಾರೆ. ಆದರೆ ಆ ಕೇಸಿನಲ್ಲಿ ಎಫ್‌ಐಆರ್ ರದ್ದು ಮಾಡಿದ್ದ ಹೈಕೋರ್ಟ್ ಆದೇಶವನ್ನು ಸುಪ್ರೀಂ ಕೋರ್ಟ್ ತಳ್ಳಿಹಾಕಿತ್ತು. ತನಿಖೆ ಮಾಡಿದ ಅಧಿಕಾರಿಗೆ ಸರಿಯಾದ ಅಧಿಕಾರ ಇರಲಿಲ್ಲ ಎಂಬ ಕಾರಣಕ್ಕೆ ನಡೆದ ತನಿಖೆಯನ್ನು ಮಾತ್ರ ರದ್ದು ಮಾಡಿತು. ಈ ಅಧಿಕಾರವನ್ನು ಎಷ್ಟು ಹಿಡಿತದಲ್ಲಿ ಬಳಸುತ್ತಾರೆ ಅನ್ನುವುದಕ್ಕೆ ಬೇರೆ ಉದಾಹರಣೆ ಬೇಕಾಗಿಲ್ಲ, ಅಲ್ವಾ?

ನಮ್ಮ ರಾಜ್ಯದಿಂದಲೇ ಹೋದ ಮುನಿಸ್ವಾಮಿ ಪ್ರಕರಣದಲ್ಲಿ (1977) ಸುಪ್ರೀಂ ಕೋರ್ಟ್ ಇನ್ನೊಂದು ಬದಿಯನ್ನೂ ಹೇಳಿದೆ. ಕ್ರಿಮಿನಲ್ ಕೇಸು ಕಿರುಕುಳದ ಆಯುಧವಾಗಲು ಬಿಡಬಾರದು, ಹಾಗಾಗುತ್ತಿದ್ದರೆ ಹೈಕೋರ್ಟ್ ಅದನ್ನು ನಿಲ್ಲಿಸಬಹುದು ಎಂದಿತು.

ಎಫ್‌ಐಆರ್ ಆದ ತಕ್ಷಣ ಹೋಗಬೇಕಾ, ಚಾರ್ಜ್‌ಶೀಟ್ ಬರುವವರೆಗೆ ಕಾಯಬೇಕಾ? ಎರಡೂ ನಡೆಯುತ್ತದೆ. ಅರ್ಜಿ ಬಾಕಿ ಇರುವಾಗಲೇ ಚಾರ್ಜ್‌ಶೀಟ್ ಬಂದರೂ ಹೈಕೋರ್ಟ್ ಅದನ್ನು ಕೇಳಬಹುದು. ತನಿಖೆ ಆರಂಭದಲ್ಲಿದೆ ಎಂಬ ಒಂದೇ ಕಾರಣಕ್ಕೆ ರದ್ದು ಮಾಡಬಾರದೆಂಬ ನಿಯಮವೂ ಇಲ್ಲ. ನನ್ನ ಅನುಭವದಲ್ಲಿ, ಕಾನೂನಿನ ಅಡ್ಡಿ ಮೇಲ್ನೋಟಕ್ಕೇ ಕಾಣುವ ಕೇಸಿಗೆ ಬೇಗ ಹೋಗುವುದು ಒಳ್ಳೆಯದು. ವಾಸ್ತವಾಂಶದ ಜಗಳ ಇರುವ ಕೇಸಿಗೆ ಚಾರ್ಜ್‌ಶೀಟ್ ನೋಡಿ ಹೋಗುವುದೇ ವಾಸಿ. ಕೆಲವೊಮ್ಮೆ ಆ ಕಡೆಯ ಸಾಕ್ಷಿ ಹೇಳಿಕೆಗಳೇ ನಿಮ್ಮ ಪರ ಮಾತಾಡಿರುತ್ತವೆ.

ರಿಟ್ ಬಗ್ಗೆ ಎರಡು ಮಾತು. ಸಂವಿಧಾನದ 226ನೇ ವಿಧಿಯಡಿಯೂ ಎಫ್‌ಐಆರ್ ರದ್ದು ಕೇಳಬಹುದು. ಆದರೆ ಮ್ಯಾಜಿಸ್ಟ್ರೇಟರು ಕಾಗ್ನಿಜೆನ್ಸ್ ತೆಗೆದುಕೊಂಡ ಮೇಲೆ, ಅಂದರೆ ಅಪರಾಧವನ್ನು ಗಮನಕ್ಕೆ ತೆಗೆದುಕೊಂಡು ಕೇಸು ಮುಂದುವರಿಸಲು ತೀರ್ಮಾನಿಸಿದ ಮೇಲೆ, ಅದು ನ್ಯಾಯಾಲಯದ ಆದೇಶವಾಗುತ್ತದೆ. ಅದರ ವಿರುದ್ಧ 528ರ ದಾರಿಯೇ ಸರಿ. ಬಹುತೇಕ ಕೇಸುಗಳಿಗೆ 528 ಒಂದೇ ಸಾಕು.

ಜಾಮೀನಿನ ಬದಲು ಇದಲ್ಲ

ಕ್ವಾಶ್ ಹಾಕಿದರೆ ಅರೆಸ್ಟ್ ಆಗಲ್ಲ ಅಂತ ತುಂಬಾ ಜನ ನಂಬಿದ್ದಾರೆ. ಅರ್ಜಿ ಹಾಕಿದ ಮಾತ್ರಕ್ಕೆ ಯಾವ ರಕ್ಷಣೆಯೂ ಸಿಗುವುದಿಲ್ಲ. ಮಧ್ಯಂತರ ತಡೆಯಾಜ್ಞೆ ಸಿಗಬೇಕು. ಅದೂ ಹಗುರವಾಗಿ ಸಿಗುವಂಥದ್ದಲ್ಲ. ಕಾರಣ ಬರೆಯದೆ "ಬಲವಂತದ ಕ್ರಮ ಬೇಡ" ಎಂದು ಆದೇಶ ಕೊಡುವುದನ್ನು 2021ರಲ್ಲಿ ಸುಪ್ರೀಂ ಕೋರ್ಟ್ ಆಕ್ಷೇಪಿಸಿತು. ಬಂಧನದ ಭಯ ನಿಜವಾಗಿಯೂ ಇದ್ದರೆ ನಿರೀಕ್ಷಣಾ ಜಾಮೀನು ಮೊದಲು, ರದ್ದತಿ ಆಮೇಲೆ. ಏಳು ವರ್ಷದವರೆಗಿನ ಶಿಕ್ಷೆಯ ಅಪರಾಧವಾದರೆ ಪೊಲೀಸರು ಸಾಮಾನ್ಯವಾಗಿ ಬಂಧಿಸದೆ, ಠಾಣೆಗೆ ಹಾಜರಾಗಿ ಎಂದು ಬಿಎನ್‌ಎಸ್‌ಎಸ್ 35(3)ರ ನೋಟಿಸ್ ಕೊಡುತ್ತಾರೆ. ಅದಕ್ಕೆ ಹಾಜರಾಗಿ, ಸಹಕರಿಸಿ. ಹೈಕೋರ್ಟಿನಲ್ಲಿ ಅರ್ಜಿ ಇದೆ ಎಂದು ಠಾಣೆಗೆ ಹೋಗದೇ ಕೂತರೆ ನಿಮ್ಮ ಕೈಯಾರೆ ಬಂಧನಕ್ಕೆ ಕಾರಣ ಕೊಟ್ಟಂತೆ.

ಪೊಲೀಸರ ಹೆಜ್ಜೆ ತಪ್ಪಿದ್ದರೆ

ನಾನು ಕಡತ ಕೈಗೆ ಬಂದ ಕೂಡಲೇ ಆರೋಪ ಓದುವುದಿಲ್ಲ. ಕಲಂಗಳನ್ನು ನೋಡುತ್ತೇನೆ. ಬೈದರು, ಬೆದರಿಸಿದರು ಎನ್ನುವಂಥವು ಮಾತ್ರ ಇದ್ದರೆ ಅವು ಹೆಚ್ಚಾಗಿ ಅಸಂಜ್ಞೇಯ ಅಪರಾಧ. ಅಂದರೆ ಪೊಲೀಸರು ಎನ್‌ಸಿ (ನಾನ್ ಕಾಗ್ನಿಜಬಲ್) ಎಂದು ದಾಖಲಿಸಿಕೊಳ್ಳಬೇಕು, ತನಿಖೆಗೆ ಮ್ಯಾಜಿಸ್ಟ್ರೇಟರ ಅನುಮತಿ ಬೇಕು. ಹಿಂದೆ ಸಿಆರ್‌ಪಿಸಿ 155(2), ಈಗ ಬಿಎನ್‌ಎಸ್‌ಎಸ್ 174(2).

ಆ ಅನುಮತಿ ಹೇಗೆ ಬಂದಿದೆ ಅನ್ನುವುದೇ ಮುಖ್ಯ. ಕಡತದಲ್ಲಿ ಠಾಣೆಯ ಕೋರಿಕೆ ಪತ್ರ ಹುಡುಕಿ. ಅದರ ಮೂಲೆಯಲ್ಲಿ ಪೆನ್ನಿನಲ್ಲಿ "ಪರ್ಮಿಟೆಡ್" ಎಂಬ ಒಂದೇ ಪದ, ಕೆಳಗೊಂದು ಸಣ್ಣ ಸಹಿ, ದಿನಾಂಕ. ಬೇರೆ ಆದೇಶ ಹಾಳೆ ಇಲ್ಲ. ಕಾರಣ ಇಲ್ಲ. ಇದು ಕಾನೂನಿನ ಕಣ್ಣಿನಲ್ಲಿ ಆದೇಶವೇ ಅಲ್ಲ ಎಂದು ಹೈಕೋರ್ಟಿನ ಕಲಬುರಗಿ ಪೀಠ ಸ್ಪಷ್ಟವಾಗಿ ಹೇಳಿದೆ. ಪತ್ರ ಅಂಚೆಯಲ್ಲಿ ಬಂತೋ, ಮುದ್ದಾಂ (ಕೈಯಲ್ಲಿ ತಂದುಕೊಟ್ಟು) ಬಂತೋ ಎಂದು ಬರೆದು, ಪ್ರತ್ಯೇಕ ಆದೇಶ ಹಾಳೆಯಲ್ಲಿ ಯೋಚಿಸಿ ಆದೇಶ ಮಾಡಬೇಕು ಎಂದು ಮ್ಯಾಜಿಸ್ಟ್ರೇಟರಿಗೆ ಸೂಚನೆ ಕೊಟ್ಟಿದೆ. ಇಸ್ಪೀಟಿನ ಎಷ್ಟೋ ಕೇಸುಗಳು ಬಿದ್ದದ್ದು ಇದೇ ಕಾರಣಕ್ಕೆ. ಆಡಿದರೋ ಇಲ್ಲವೋ ಅನ್ನುವ ಪ್ರಶ್ನೆಯೇ ಬರಲಿಲ್ಲ.

ಒಂದು ಎಚ್ಚರ. ಪಟ್ಟಿಯಲ್ಲಿ ಒಂದೇ ಒಂದು ಸಂಜ್ಞೇಯ ಅಪರಾಧ (ಪೊಲೀಸರು ಅನುಮತಿ ಇಲ್ಲದೆ ತನಿಖೆ ಮಾಡಬಹುದಾದದ್ದು) ಇದ್ದರೂ ಇಡೀ ಕೇಸು ಸಂಜ್ಞೇಯ ಆಗುತ್ತದೆ. ಆಗ ಈ ವಾದ ಉಪಯೋಗಕ್ಕೆ ಬರುವುದಿಲ್ಲ.

ನೇರವಾಗಿ ಕೋರ್ಟಿಗೇ ಕೊಡುವ ಖಾಸಗಿ ದೂರು, ನಾವು ಪಿಸಿಆರ್ ಅನ್ನುತ್ತೇವಲ್ಲ, ಅದರ ಮೇಲೆ ಪೊಲೀಸರಿಗೆ ತನಿಖೆ ವಹಿಸಿದ್ದರೆ ಇನ್ನೊಂದು ಕಡೆ ಕಣ್ಣಾಡಿಸಿ. ದೂರುದಾರರು ಮೊದಲು ಠಾಣೆಗೆ, ಆಮೇಲೆ ಎಸ್‌ಪಿಗೆ ಹೋಗಿದ್ದಾರಾ? ಪ್ರಮಾಣಪತ್ರ ಹಾಕಿದ್ದಾರಾ? 2015ರಲ್ಲಿ ಸುಪ್ರೀಂ ಕೋರ್ಟ್ ಇದು ಬೇಕೇ ಬೇಕು ಅಂದಿತು. ಈಗ ಪ್ರಮಾಣಪತ್ರದ ಮಾತು ಬಿಎನ್‌ಎಸ್‌ಎಸ್ 175(3)ರಲ್ಲೇ ಸೇರಿದೆ.

ಹೊಸ ಕಾನೂನಿನಲ್ಲಿ ಖಾಸಗಿ ದೂರಿನ ಆರೋಪಿಗೆ ಮೊದಲಿಲ್ಲದ ಒಂದು ಅವಕಾಶ ಸಿಕ್ಕಿದೆ. 223ನೇ ಕಲಂ ಪ್ರಕಾರ ಕಾಗ್ನಿಜೆನ್ಸ್ ತೆಗೆದುಕೊಳ್ಳುವ ಮೊದಲೇ ನಿಮ್ಮ ಮಾತು ಕೇಳಬೇಕು. ಮೊದಲು ದೂರುದಾರರ ಪ್ರಮಾಣ ಹೇಳಿಕೆ, ಆಮೇಲೆ ಆರೋಪಿಗೆ ನೋಟಿಸ್ ಎಂದು ಕರ್ನಾಟಕ ಹೈಕೋರ್ಟ್ 2024ರಲ್ಲಿ ಒಂದು ಮಾನಹಾನಿ ಕೇಸಿನಲ್ಲಿ ಹೇಳಿತು. ಅಂಥ ನೋಟಿಸ್ ಬಂದರೆ ಬಿಸಾಕಬೇಡಿ. ಹೈಕೋರ್ಟಿಗೆ ಹೋಗುವ ಖರ್ಚು ಇಲ್ಲದೆ ನಿಮ್ಮೂರಿನ ಕೋರ್ಟಿನಲ್ಲೇ ಕೇಸನ್ನು ಮೊಳಕೆಯಲ್ಲೇ ಚಿವುಟಬಹುದಾದ ಜಾಗ ಅದು. ನೋಟಿಸ್ ಕೊಡದೇ ಮುಂದೆ ಹೋಗಿದ್ದರೆ ಅದೇ ರದ್ದತಿಗೆ ಒಂದು ಕಾರಣ.

ಡಿಸ್ಚಾರ್ಜ್: ಕಡಿಮೆ ಖರ್ಚು, ಕಡಿಮೆ ಸದ್ದು

ಚಾರ್ಜ್‌ಶೀಟ್ ಬಂದ ಮೇಲೆ, ಆರೋಪ ಹೊರಿಸುವ ಮುಂಚೆ, ಅದೇ ಕೋರ್ಟಿನಲ್ಲಿ "ನನ್ನ ಮೇಲೆ ಕೇಸು ನಡೆಸುವಷ್ಟು ಸರಕು ಇದರಲ್ಲಿಲ್ಲ, ಬಿಟ್ಟುಬಿಡಿ" ಎಂದು ಕೇಳುವುದೇ ಡಿಸ್ಚಾರ್ಜ್. ಸೆಷನ್ಸ್ ಕೇಸಿಗೆ ಬಿಎನ್‌ಎಸ್‌ಎಸ್ 250, ಮ್ಯಾಜಿಸ್ಟ್ರೇಟರ ವಾರಂಟ್ ಕೇಸಿಗೆ (ಎರಡು ವರ್ಷಕ್ಕಿಂತ ಹೆಚ್ಚಿನ ಶಿಕ್ಷೆಯದ್ದು) 262. ಹೊಸದಾಗಿ 60 ದಿನದ ಗಡುವು ಬಂದಿದೆ. ಸೆಷನ್ಸ್ ಕೇಸಿನಲ್ಲಿ ಕಮಿಟ್ ಆದ (ಮ್ಯಾಜಿಸ್ಟ್ರೇಟರು ಕೇಸನ್ನು ಸೆಷನ್ಸ್ ಕೋರ್ಟಿಗೆ ಒಪ್ಪಿಸಿದ) ದಿನದಿಂದ, ವಾರಂಟ್ ಕೇಸಿನಲ್ಲಿ ಚಾರ್ಜ್‌ಶೀಟ್ ಪ್ರತಿ ಕೊಟ್ಟ ದಿನದಿಂದ ಎಣಿಕೆ. ಹಾಗಾಗಿ ಪ್ರತಿ ಈಸಿಕೊಂಡ ದಿನಾಂಕ ಬರೆದಿಟ್ಟುಕೊಳ್ಳಿ.

ದೊಡ್ಡ ವ್ಯತ್ಯಾಸ ದಾಖಲೆಯದ್ದು. ಡಿಸ್ಚಾರ್ಜ್ ಹಂತದಲ್ಲಿ ನಿಮ್ಮ ಕಡೆಯ ದಾಖಲೆ ನೋಡುವುದಿಲ್ಲ. ಪೊಲೀಸರು ಹಾಕಿದ ಕಾಗದಗಳನ್ನಷ್ಟೇ ನೋಡುತ್ತಾರೆ. 2004ರ ಸುಪ್ರೀಂ ಕೋರ್ಟ್ ತೀರ್ಪಿನಿಂದ ಇದು ಸ್ಥಿರವಾದ ಕಾನೂನು. ಹೈಕೋರ್ಟಿನಲ್ಲಿ ಮಾತ್ರ ಯಾರೂ ಅಲ್ಲಗಳೆಯಲಾಗದ ದಾಖಲೆಯನ್ನು ನೀವು ತೋರಿಸಬಹುದು. ಘಟನೆಯ ದಿನ ನೀವು ದೇಶದಲ್ಲೇ ಇರಲಿಲ್ಲ ಎನ್ನುವ ಪಾಸ್‌ಪೋರ್ಟ್ ಮುದ್ರೆ, ರಿಜಿಸ್ಟರ್ ಆದ ಕ್ರಯಪತ್ರ, ಆ ಕಡೆಯವರೇ ಒಪ್ಪಿದ ಪತ್ರ, ಇಂಥವು. ನಿಮ್ಮ ಶಕ್ತಿ ಇರುವುದು ನಿಮ್ಮ ಕಾಗದದಲ್ಲಿ ಅಂದರೆ ಹೈಕೋರ್ಟ್. ಅವರ ಕಾಗದದಲ್ಲೇ ತೂತು ಇದ್ದರೆ ಡಿಸ್ಚಾರ್ಜ್. ಮೂರನೇ ಆರೋಪಿ, ಐದನೇ ಆರೋಪಿ ಎಂದು ಹೆಸರು ಮಾತ್ರ ಸೇರಿಸಿ, ಏನು ಮಾಡಿದರು ಎಂದು ಯಾವ ಸಾಕ್ಷಿಯೂ ಹೇಳದಿದ್ದರೆ ಡಿಸ್ಚಾರ್ಜ್ ಪ್ರಯತ್ನಿಸಲೇಬೇಕು.

ಡಿಸ್ಚಾರ್ಜ್ ತಿರಸ್ಕೃತವಾದರೆ 90 ದಿನದೊಳಗೆ ಮೇಲಿನ ಕೋರ್ಟಿಗೆ ರಿವಿಷನ್ (ಮರುಪರಿಶೀಲನೆ ಅರ್ಜಿ) ಹಾಕಬಹುದು. ಅಂದರೆ ಈ ದಾರಿಯಲ್ಲಿ ಸೋತರೂ ಮೇಲೊಂದು ಮೆಟ್ಟಿಲು ಉಳಿದಿರುತ್ತದೆ. ಇನ್ನು ಡಿಸ್ಚಾರ್ಜ್ ಅಂದರೆ ಖುಲಾಸೆ ಅಲ್ಲ. ಹೊಸ ಪುರಾವೆ ಸಿಕ್ಕರೆ ಮತ್ತೆ ಕರೆಯಬಹುದು.

ಸಮನ್ಸ್ ಕೇಸುಗಳಲ್ಲಿ, ಅಂದರೆ ಚೆಕ್ ಬೌನ್ಸ್‌ನಂಥವುಗಳಲ್ಲಿ, ಹಿಂದೆ ಡಿಸ್ಚಾರ್ಜ್ ಎಂಬುದೇ ಇರಲಿಲ್ಲ. ಕೊಟ್ಟ ಸಮನ್ಸನ್ನು ಮ್ಯಾಜಿಸ್ಟ್ರೇಟರೇ ವಾಪಸ್ ಪಡೆಯುವಂತಿಲ್ಲ ಎಂದು 2004ರಿಂದ ಸುಪ್ರೀಂ ಕೋರ್ಟ್ ಹೇಳುತ್ತಾ ಬಂದಿದೆ. ಬಿಎನ್‌ಎಸ್‌ಎಸ್ 274ಕ್ಕೆ ಈಗ ಒಂದು ಸಾಲು ಸೇರಿದೆ: ಆರೋಪ ಆಧಾರರಹಿತ ಅನ್ನಿಸಿದರೆ ಕಾರಣ ಬರೆದು ಬಿಡಬಹುದು. ಚೆಕ್ ಕೇಸಿನಲ್ಲಿ ರದ್ದತಿಗೆ ಹೋಗುವುದಾದರೆ ಗೆಲ್ಲುವ ಸಾಧ್ಯತೆ ಇರುವುದು ಸಾಮಾನ್ಯವಾಗಿ ಒಂದೇ ಬಗೆಯವರಿಗೆ. ಚೆಕ್ ಕೊಡುವ ಮೊದಲೇ ಕಂಪನಿಗೆ ರಾಜೀನಾಮೆ ಕೊಟ್ಟ ಡೈರೆಕ್ಟರ್, ವ್ಯವಹಾರ ನಡೆಸದೇ ಹೆಸರಿಗಷ್ಟೇ ಇದ್ದವರು. ಸಹಿ ನಿಮ್ಮದೇ ಆಗಿದ್ದು "ಸೆಕ್ಯೂರಿಟಿಗೆ ಕೊಟ್ಟಿದ್ದೆ" ಅನ್ನುವ ವಾದವಾದರೆ ವಿಚಾರಣೆ ಎದುರಿಸಿ, ಇಲ್ಲವೇ ರಾಜಿಯಾಗಿ.

ರಾಜಿ

ರಾಜಿಯಲ್ಲಿ ಎರಡು ಬಗೆ. ಕಾನೂನೇ ರಾಜಿಗೆ ಒಪ್ಪುವ ಅಪರಾಧಗಳ ಪಟ್ಟಿ ಬಿಎನ್‌ಎಸ್‌ಎಸ್ 359ರಲ್ಲಿದೆ. ಸಣ್ಣಪುಟ್ಟ ಹೊಡೆದಾಟ, ಮಾನಹಾನಿ, ವಂಚನೆ ಇಂಥವು. ಕೆಲವಕ್ಕೆ ಕೋರ್ಟಿನ ಒಪ್ಪಿಗೆ ಬೇಕು. ಇವನ್ನು ನಿಮ್ಮ ಕೋರ್ಟಿನಲ್ಲೇ, ಲೋಕ್ ಅದಾಲತ್‌ನಲ್ಲೇ ಮುಗಿಸಿಕೊಳ್ಳಬಹುದು. ಹೀಗೆ ಮುಗಿದರೆ ಅದು ಖುಲಾಸೆಗೆ ಸಮ. ಇದಕ್ಕಾಗಿ ಬೆಂಗಳೂರು ಬಸ್ ಹತ್ತುವುದು ಬೇಡ.

ಪಟ್ಟಿಯಲ್ಲಿ ಇಲ್ಲದ್ದಕ್ಕೆ ಹೈಕೋರ್ಟೇ ಬೇಕು. ಗಂಡ, ಅತ್ತೆ, ಮಾವನ ಮೇಲಿನ ಕಿರುಕುಳದ ಕೇಸು, ಹಳೇ 498ಎ, ಈಗಿನ ಬಿಎನ್‌ಎಸ್ 85, ನಮ್ಮಲ್ಲಿ ರಾಜಿಗೆ ಬಾರದ ಅಪರಾಧ. ಇಬ್ಬರೂ ಒಪ್ಪಿದರೂ ಮ್ಯಾಜಿಸ್ಟ್ರೇಟರು ಮುಗಿಸುವಂತಿಲ್ಲ. ಇಂಥ ಕಡೆ ಎರಡೂ ಕಡೆಯವರು ಜಾಯಿಂಟ್ ಮೆಮೊ (ರಾಜಿಯ ಜಂಟಿ ಮನವಿ), ಪ್ರಮಾಣಪತ್ರ ಹಾಕಿ ಹೈಕೋರ್ಟಿನಲ್ಲಿ ರದ್ದು ಕೇಳುತ್ತಾರೆ. ದಾಂಪತ್ಯ, ವ್ಯವಹಾರ, ಆಸ್ತಿಯಂಥ ಖಾಸಗಿ ಜಗಳಕ್ಕೆ ಇದು ಸಲ್ಲುತ್ತದೆ ಎಂದು 2012ರ ಗಿಯಾನ್ ಸಿಂಗ್ ತೀರ್ಪು ಹೇಳಿದೆ. ಕೊಲೆ, ಅತ್ಯಾಚಾರ, ಡಕಾಯಿತಿ, ಲಂಚದ ಕೇಸಿಗೆ ಸಲ್ಲುವುದಿಲ್ಲ. ಸಂತ್ರಸ್ತರು ಕ್ಷಮಿಸಿದರೂ ಅದು ಸಮಾಜದ ವಿರುದ್ಧದ ಅಪರಾಧ.

ರಾಜಿಯಲ್ಲಿ ನಾನು ಕಂಡ ಜಗಳವೆಲ್ಲ ಕೊನೆಯ ಕಂತಿನದ್ದು. ಪೂರ್ತಿ ದುಡ್ಡು ಮೊದಲೇ ಕೊಟ್ಟವರು, ಆ ಕಡೆಯವರು ಹೈಕೋರ್ಟಿಗೆ ಬರಲಿಲ್ಲ ಎಂದು ಪರದಾಡಿದ್ದಾರೆ. ದುಡ್ಡು ಕೈಗೆ ಬರುವ ಮೊದಲೇ ಸಹಿ ಹಾಕಿದವರು ತಿಂಗಳುಗಟ್ಟಲೆ ಅಲೆದಿದ್ದಾರೆ. ಕೊನೆಯ ಕಂತಿನ ಡಿಡಿಯನ್ನು ಆದೇಶದ ದಿನ ಕೋರ್ಟಿನ ಮುಂದೆಯೇ ಕೊಡುತ್ತೇವೆ ಎಂದು ಮೆಮೊದಲ್ಲೇ ಬರೆಯಿಸಿ. ಇಬ್ಬರಿಗೂ ನೆಮ್ಮದಿ.

ರಾಜಿಗೆ ಮನಸ್ಸಿಲ್ಲದ 498ಎ ಕೇಸಿನಲ್ಲೂ ಎಲ್ಲರ ಸ್ಥಿತಿ ಒಂದೇ ಅಲ್ಲ. ಬೇರೆ ಊರಿನಲ್ಲಿರುವ ನಾದಿನಿ, ಮದುವೆಯಾಗಿ ಹೋದ ಅತ್ತಿಗೆ, ವಯಸ್ಸಾದ ಸೋದರತ್ತೆ, ಹೀಗೆ ಮನೆಮಂದಿಯನ್ನೆಲ್ಲ ಸಾರಾಸಗಟಾಗಿ ಸೇರಿಸಿದ್ದರೆ, ಯಾರು ಯಾವಾಗ ಏನು ಮಾಡಿದರೆಂದು ಇಲ್ಲದಿದ್ದರೆ, ಅವರ ಮಟ್ಟಿಗೆ ರದ್ದು ಮಾಡಿದ ತೀರ್ಪುಗಳು ಬೇಕಾದಷ್ಟಿವೆ. 2022ರಲ್ಲೂ ಸುಪ್ರೀಂ ಕೋರ್ಟ್ ಇದನ್ನು ಒತ್ತಿ ಹೇಳಿತು. ಹಾಗಾಗಿ ಇಡೀ ಮನೆಯವರು ಒಂದೇ ಅರ್ಜಿಯಲ್ಲಿ ಹೋಗುವ ಬದಲು, ಗಂಡನನ್ನು ಬಿಟ್ಟು ನೆಂಟರು ಮಾತ್ರ ಹೋಗುವುದು ಎಷ್ಟೋ ಸಲ ಜಾಣತನ. ಗಂಡನ ಮೇಲಿನ ನಿರ್ದಿಷ್ಟ ಆರೋಪದ ಭಾರ ಉಳಿದವರ ಅರ್ಜಿಯ ಮೇಲೆ ಬೀಳುವುದಿಲ್ಲ.

ಸೋತರೆ ಏನು ಹೋಗುತ್ತದೆ?

ಇದನ್ನು ಯಾರೂ ಕೇಳುವುದೇ ಇಲ್ಲ. ರದ್ದತಿ ಅರ್ಜಿಯಲ್ಲಿ ನಿಮ್ಮ ಡಿಫೆನ್ಸ್ ಪೂರ್ತಿ ಬಿಚ್ಚಿಟ್ಟಿರುತ್ತೀರಿ. ಪಾಟೀಸವಾಲಿಗೆ ಇಟ್ಟುಕೊಳ್ಳಬೇಕಾಗಿದ್ದ ಅಸ್ತ್ರ ಆ ಕಡೆಯವರಿಗೆ ಮೊದಲೇ ಗೊತ್ತಾಗಿರುತ್ತದೆ. ಮೊದಲ ಸಲ ಹೇಳಬಹುದಾಗಿದ್ದ ಕಾರಣವನ್ನು ಇಟ್ಟುಕೊಂಡು ಎರಡನೇ ಸಲ ಅರ್ಜಿ ಹಾಕಲೂ ಆಗುವುದಿಲ್ಲ. ಸೋಲು ಖಚಿತ ಅನ್ನಿಸಿದಾಗ ವಕೀಲರು ಅರ್ಜಿಯನ್ನು ವಾಪಸ್ ಪಡೆದು, ಡಿಸ್ಚಾರ್ಜ್ ಕೇಳುವ ಸ್ವಾತಂತ್ರ್ಯ ಬರೆಸಿಕೊಳ್ಳುವುದು ಇದಕ್ಕೇ. ಹಾಗೆ ಮಾಡಿದರೆ ಬೇಜಾರು ಮಾಡಿಕೊಳ್ಳಬೇಡಿ.

ಇನ್ನೊಂದು ಕಷ್ಟ ವಾಯಿದೆಯದ್ದು. ನನ್ನ ಕಕ್ಷಿದಾರರೊಬ್ಬರು ಹೈಕೋರ್ಟಿನಲ್ಲಿ ಅರ್ಜಿ ಹಾಕಿದ ಮೇಲೆ ಇಲ್ಲಿನ ಕೋರ್ಟಿಗೆ ಬರುವುದನ್ನೇ ಬಿಟ್ಟರು. ತಡೆಯಾಜ್ಞೆ ಇರಲಿಲ್ಲ. ಮೂರನೇ ವಾಯಿದೆಗೆ ಜಾಮೀನುರಹಿತ ವಾರಂಟ್ ಹೊರಟಿತು. ಮಗಳ ನಿಶ್ಚಿತಾರ್ಥದ ಹಿಂದಿನ ದಿನ ಪೇದೆ ಮನೆ ಬಾಗಿಲಿಗೆ ಬಂದ. ಬರಲು ಆಗದಿದ್ದರೆ ವಿನಾಯಿತಿ ಅರ್ಜಿ ಹಾಕಿಸಿ, ತಪ್ಪಿಸಿಕೊಳ್ಳಬೇಡಿ. ತಡೆಯಾಜ್ಞೆ ಇದ್ದರೂ ಎಲ್ಲಿಯವರೆಗೆ ಎಂದು ಆದೇಶದಲ್ಲೇ ಓದಿಕೊಳ್ಳಿ. ಆರು ತಿಂಗಳಿಗೆ ತಾನಾಗಿಯೇ ಬಿದ್ದುಹೋಗುತ್ತದೆ ಎಂಬ 2018ರ ಮಾತನ್ನು 2024ರ ಫೆಬ್ರುವರಿಯಲ್ಲಿ ಐದು ನ್ಯಾಯಮೂರ್ತಿಗಳ ಪೀಠ ತೆಗೆದುಹಾಕಿದೆ.

ಹೋಗುವುದಾದರೆ

ಯಾವ ಪೀಠ ಎನ್ನುವುದು ಠಾಣೆ ಇರುವ ಜಿಲ್ಲೆಯ ಮೇಲೆ ನಿಂತಿದೆ, ನಿಮ್ಮ ಮನೆಯ ಮೇಲಲ್ಲ. ಬೆಳಗಾವಿ, ಹಾವೇರಿ, ಗದಗ, ಉತ್ತರ ಕನ್ನಡ, ಬಳ್ಳಾರಿ ಕಡೆಯದು ಧಾರವಾಡಕ್ಕೆ, ಬೀದರ್, ರಾಯಚೂರು, ಯಾದಗಿರಿ, ವಿಜಯಪುರದ್ದು ಕಲಬುರಗಿಗೆ, ಮೈಸೂರು, ಮಂಗಳೂರು, ತುಮಕೂರಿನಂಥವು ಬೆಂಗಳೂರಿಗೆ. ಎಫ್‌ಐಆರ್, ಅದಕ್ಕೆ ಲಗತ್ತಿಸಿದ ದೂರು, ಚಾರ್ಜ್‌ಶೀಟ್ ಬಂದಿದ್ದರೆ ಪೂರ್ತಿ ಪ್ರತಿ, ಕೆಳಗಿನ ಕೋರ್ಟಿನ ಆರ್ಡರ್ ಶೀಟಿನ ದೃಢೀಕೃತ ನಕಲು ಬೇಕು. ಆರ್ಡರ್ ಶೀಟ್ ಮರೆಯುವವರೇ ಜಾಸ್ತಿ.

ಹೊರದೇಶದಲ್ಲಿರುವ ಮಕ್ಕಳ ಹೆಸರೂ ಸೇರಿದ್ದರೆ, ಅಲ್ಲಿನ ಭಾರತೀಯ ದೂತಾವಾಸದಲ್ಲಿ ದೃಢೀಕರಿಸಿದ ಅಧಿಕಾರ ಪತ್ರ ಕಳಿಸಿ ಇಲ್ಲಿಂದಲೇ ಅರ್ಜಿ ಹಾಕಬಹುದು. ಪಾಸ್‌ಪೋರ್ಟ್ ನವೀಕರಣ ಹತ್ತಿರ ಇದ್ದರೆ ರದ್ದತಿಯ ತೀರ್ಪಿಗೆ ಕಾಯಬೇಡಿ. ಕೇಸು ಬಾಕಿ ಇರುವ ಕೋರ್ಟಿನಿಂದ ಅನುಮತಿ ಪಡೆದು ನವೀಕರಿಸಿಕೊಳ್ಳುವ ಅವಕಾಶ ಬೇರೆಯೇ ಇದೆ.

ಅರ್ಜಿ ಮಂಜೂರಾಯಿತು ಅನ್ನಿ. ಅವತ್ತೇ ಸಿಹಿ ಹಂಚಿ ಮರೆತುಬಿಡಬೇಡಿ. ಆದೇಶದ ದೃಢೀಕೃತ ಪ್ರತಿ ಪಡೆದು ಕೆಳಗಿನ ಕೋರ್ಟಿಗೆ ಮೆಮೊ ಜೊತೆ ಕೊಡಿ, ಒಂದು ಪ್ರತಿ ಠಾಣೆಗೆ ಮುಟ್ಟಿಸಿ ಸ್ವೀಕೃತಿ ಹಾಕಿಸಿಕೊಳ್ಳಿ. ಹಳೇ ವಾರಂಟ್ ಇದ್ದರೆ ಅದನ್ನು ಹಿಂಪಡೆದ ಆದೇಶ ಆರ್ಡರ್ ಶೀಟಿನಲ್ಲಿ ಬಂದಿದೆಯಾ ನೋಡಿ. ಲುಕ್‌ಔಟ್ ನೋಟಿಸ್ ಹೊರಡಿಸಿದ್ದರೆ ಅದನ್ನು ತೆಗೆಸಿದ ಪತ್ರವೂ ಕೈಯಲ್ಲಿರಲಿ. ಇಲ್ಲದಿದ್ದರೆ ರದ್ದಾದ ಕೇಸಿನ ಹೆಸರಲ್ಲೇ ವಿಮಾನ ನಿಲ್ದಾಣದಲ್ಲಿ ನಿಲ್ಲಿಸುತ್ತಾರೆ.